ನಿಧಾನಕ್ಕೂ ಸಂಬಳ ಬೇಕು

ಬೆಂಗಳೂರಿನಲ್ಲಿ ರಾತ್ರಿ ಪಾಳಿಯಲ್ಲಿ ರೋಟೋ (ಫ್ರೇಮಿನಿಂದ ಫ್ರೇಮಿಗೆ ಆಕಾರಗಳನ್ನು ಬಿಡಿಸಿ ತೆಗೆಯುವ ಕೆಲಸ) ಮಾಡಿಕೊಂಡಿದ್ದವನು ಈಗ ಕೆನಡಾದ ಮಾಂಟ್ರಿಯಲ್‌ನಲ್ಲಿ ಕಾಂಪೋಸಿಟಿಂಗ್, ಅಂದರೆ ಬೇರೆ ಬೇರೆ ದೃಶ್ಯಪದರಗಳನ್ನು ಒಂದಾಗಿಸುವ ಕೆಲಸ ಮಾಡುತ್ತೇನೆ. ಊರು ಬದಲಾದರೂ ಕೇಳುವ ಪ್ರಶ್ನೆ ಅದೇ: ಈ ಶಾಟ್‌ಗೆ ಎಷ್ಟು ಮ್ಯಾನ್‌ಡೇ, ಅಂದರೆ ಒಬ್ಬ ಮನುಷ್ಯನ ಎಷ್ಟು ದಿನದ ದುಡಿಮೆ? ರಷ್ಯಾದ ಅನಿಮೇಷನ್ ನಿರ್ದೇಶಕ ಅಲೆಕ್ಸಾಂಡರ್ ಪೆಟ್ರೋವ್ ಇದೇ ಮಾಂಟ್ರಿಯಲ್‌ನಲ್ಲಿ ಎರಡು ವರ್ಷಕ್ಕೂ ಮೀರಿ ಕೂತು, ಇಪ್ಪತ್ತು ನಿಮಿಷದ ಒಂದು ಚಿತ್ರ ಮುಗಿಸಿದ್ದು ಅದಕ್ಕೇ ನನ್ನ ತಲೆ ಕೊರೆಯುತ್ತದೆ.

ಅವರ ಕೆಲಸದ ರೀತಿ ಕೇಳಿ. ಕೆಳಗಿನಿಂದ ಬೆಳಕು ಬಿಟ್ಟ ಗಾಜು, ಅದರ ಮೇಲೆ ಬೇಗ ಒಣಗದ ತೈಲವರ್ಣ. ಬಹುಪಾಲು ಬೆರಳ ತುದಿಯಲ್ಲೇ ಬರೆಯುತ್ತಾರೆ. ಕ್ಯಾಮೆರಾದಲ್ಲಿ ಒಂದು ಫ್ರೇಮ್ ತೆಗೆದರೆ ಆಯಿತು, ಅದೇ ಹಸಿ ಬಣ್ಣವನ್ನು ಉಜ್ಜಿ, ಸರಿಸಿ ಮುಂದಿನದು. ಹಿಂದಿನ ಚಿತ್ರ ಗಾಜಿನ ಮೇಲೆ ಉಳಿಯುವುದೇ ಇಲ್ಲ. ಹೆಮಿಂಗ್ವೇ ಕಥೆ ಆಧರಿಸಿದ ಈ ‘ದಿ ಓಲ್ಡ್ ಮ್ಯಾನ್ ಅಂಡ್ ದ ಸೀ’ಗೆ (1999) ಇಂಥ 29,000ಕ್ಕೂ ಹೆಚ್ಚು ಚಿತ್ರಗಳು, ಜೊತೆಗೆ ಕೈಜೋಡಿಸಿದ್ದು ಮಗ ಡಿಮಿಟ್ರಿ. ನಮ್ಮಲ್ಲಿ ಹನ್ನೆರಡನೇ ವರ್ಷನ್ ತಲುಪಿದ ಮೇಲೂ ಕ್ಲೈಂಟ್ ‘ಮೂರನೆಯದೇ ಚೆನ್ನಾಗಿತ್ತು’ ಅನ್ನುತ್ತಾನೆ. ಪೆಟ್ರೋವ್ ಹತ್ತಿರ ಆ ಮಾತು ನಡೆಯುವುದಿಲ್ಲ ಬಿಡಿ.

1957ರಲ್ಲಿ ರಷ್ಯಾದ ಯಾರೊಸ್ಲಾವ್ಲ್ ಸೀಮೆಯಲ್ಲಿ ಹುಟ್ಟಿದವರು. ಮಾಸ್ಕೋದಲ್ಲಿ ಹಿತ್ರುಕ್, ನಾರ್‌ಸ್ಟೀನ್‌ರಂಥ ಘಟಾನುಘಟಿ ಅನಿಮೇಷನ್ ನಿರ್ದೇಶಕರ ಕೈಕೆಳಗೆ ಕಲಿತರು. ರಷ್ಯನ್ ಲೇಖಕ ಪ್ಲಾಟೊನೋವ್ ಕಥೆಯಿಂದ ಮಾಡಿದ ‘ಹಸು’ (1989) ಮೊದಲ ಏಟಿಗೇ ಆಸ್ಕರ್ ನಾಮನಿರ್ದೇಶನ ಪಡೆಯಿತು. ಪ್ರಶಸ್ತಿ ಕೈಗೆ ಬಂದದ್ದು 2000ದಲ್ಲಿ, ಮಾಂಟ್ರಿಯಲ್‌ನ ಈ ಚಿತ್ರಕ್ಕೆ. ಆಮೇಲೆ ಯಾರೊಸ್ಲಾವ್ಲ್‌ಗೇ ಮರಳಿ 2006ರಲ್ಲಿ ‘ನನ್ನ ಪ್ರೀತಿ’ ಮುಗಿಸಿದರು.

ಇದನ್ನು ಹೇಳಿದರೆ ನಮ್ಮ ಕಡೆಯ ಗೆಳೆಯರು ‘ಅದು ತಪಸ್ಸು ಕಣೋ’ ಎಂದು ಕೈಮುಗಿದುಬಿಡುತ್ತಾರೆ. ನನಗೆ ಮೈಯುರಿಯುವುದು ಇಲ್ಲೇ. ತಪಸ್ಸು ಅಂದರೆ ಸಂಬಳ ಯಾರು ಕೊಟ್ಟರು ಎಂದು ಕೇಳಬೇಕಾಗಿಲ್ಲವಲ್ಲ! ಐಮ್ಯಾಕ್ಸ್ ಪರದೆಗೆ ಹೊಂದುವ ಕ್ಯಾಮೆರಾ ವ್ಯವಸ್ಥೆ ಬೇಕಿತ್ತು, ಕೆನಡಾ, ಜಪಾನ್, ರಷ್ಯಾ ಮೂರೂ ಕಡೆಯವರು ಸೇರಿ ನಿಂತರು. ಗುರು ನಾರ್‌ಸ್ಟೀನ್ ಕಥೆ ನೋಡಿ. ‘ಮಂಜಿನಲ್ಲಿ ಮುಳ್ಳುಹಂದಿ’ ಮಾಡಿದ ಮಹಾನುಭಾವ. 1981ರಲ್ಲಿ ಗೊಗೊಲ್‌ನ ‘ಓವರ್‌ಕೋಟ್’ ಶುರುಮಾಡಿದರು, ಕೆಲಸ ನಿಧಾನ ಎಂದು ಆ ದಶಕದ ನಡುವೆಯೇ ಸ್ಟುಡಿಯೊ ಹೊರಗೆ ಹಾಕಿತು. ಚಿತ್ರ ದಶಕಗಟ್ಟಲೆ ಮುಗಿಯಲೇ ಇಲ್ಲ. ಅವರ ಹಟವೂ ಕಾರಣ, ಒಪ್ಪುತ್ತೇನೆ. ಆದರೆ ನಿಧಾನದಲ್ಲಿ ಶಿಷ್ಯನೇನು ಕಡಿಮೆಯೇ?

ಮಾಂಟ್ರಿಯಲ್‌ಗೆ ಇದು ಹೊಸದೂ ಅಲ್ಲ. ಇಲ್ಲಿನ ರಾಷ್ಟ್ರೀಯ ಚಲನಚಿತ್ರ ಮಂಡಳಿಯಲ್ಲಿ ಕ್ಯಾರೊಲಿನ್ ಲೀಫ್ 1976ರಲ್ಲೇ ಗಾಜಿನ ಮೇಲೆ ಬಣ್ಣ ಸರಿಸಿ ‘ದಿ ಸ್ಟ್ರೀಟ್’ ಮಾಡಿದ್ದರು; ಗುಜರಾತಿನಿಂದ ಬಂದ ಈಶು ಪಟೇಲ್ ಮರುವರ್ಷ ಮಣಿಗಳನ್ನೇ ಜೋಡಿಸಿ ‘ಬೀಡ್ ಗೇಮ್’ ಮಾಡಿದರು. ಖರ್ಚು ಸರ್ಕಾರದ್ದು.

ನಮ್ಮ ಕರ್ನಾಟಕದಲ್ಲೂ ಅನಿಮೇಷನ್ ನೀತಿ ಇದೆ. ಮಾತೆಲ್ಲ ಉದ್ಯೋಗ, ಹೂಡಿಕೆ, ರಫ್ತಿನದು. ಅದೂ ಬೇಕು, ನನಗೆ ಅನ್ನ ಕೊಟ್ಟದ್ದೇ ಆ ರಫ್ತು. ಆದರೆ ಚಿತ್ರಕಲಾ ಪರಿಷತ್ತಿನಲ್ಲಿ ಓದಿ ಬಂದ ಹುಡುಗಿಯೊಬ್ಬಳು ‘ಗಾಜಿನ ಮೇಲೆ ಹತ್ತು ನಿಮಿಷದ ಚಿತ್ರ ಬರೆಯುತ್ತೇನೆ, ಎರಡು ವರ್ಷ ಬೇಕು’ ಎಂದು ಅರ್ಜಿ ಹಿಡಿದು ಬಂದರೆ ಅದನ್ನು ಯಾವ ಟೇಬಲ್ಲಿಗೆ ಕಳಿಸುತ್ತಾರೆ? ಆ ಟೇಬಲ್ಲೊಂದನ್ನು ಮೊದಲು ಹಾಕಲಿ.