ದತ್ತಿ ಆಸ್ತಿಯ ಮೇಲ್ಮನವಿ: ಹೈಕೋರ್ಟೇ ಮುಗಿಸಬೇಕೆ, ಮಡಿಕೇರಿಗೆ ಮರಳಿಸಬೇಕೆ?

ಶಾಲೆಗೆಂದೋ ಅನ್ನದಾನಕ್ಕೆಂದೋ ಬಿಟ್ಟ ತೋಟ-ಗದ್ದೆಯ ಜಗಳ ಕೊಡಗಿನಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 92ರ ದಾವೆಯಾಗಿ, ಎಂದರೆ ಸಾರ್ವಜನಿಕ ದತ್ತಿಯ ಆಡಳಿತ ಸರಿಪಡಿಸಲು ಹಾಕುವ ದಾವೆಯಾಗಿ, ಮಡಿಕೇರಿಯ ಜಿಲ್ಲಾ ನ್ಯಾಯಾಲಯದಲ್ಲಿ ಶುರುವಾಗುತ್ತದೆ. (ಮುಜರಾಯಿ ದೇವಸ್ಥಾನಗಳಿಗೆ 1997ರ ಕಾಯ್ದೆ ಬೇರೆಯೇ ಇದೆ.) ಡಿಕ್ರಿಯಾದ 90 ದಿನದೊಳಗೆ ಮೇಲ್ಮನವಿ ಬೆಂಗಳೂರಿನ ಹೈಕೋರ್ಟಿಗೆ ಹೋಗುತ್ತದೆ. ಕೆಳಗಿನ ಕೋರ್ಟಿನ ತೀರ್ಪಿನಲ್ಲಿ ಕೊರತೆ ಕಂಡಾಗ ಹೈಕೋರ್ಟು ತಾನೇ ತುಂಬಿ ಮುಗಿಸಬೇಕೆ, ಇಲ್ಲವೇ ಮತ್ತೆ ವಿಚಾರಣೆಗೆಂದು ಮರಳಿಸಬೇಕೆ (ರಿಮಾಂಡ್)?

ಪರ: ಕಡತ ಕೈಯಲ್ಲಿರುವಾಗಲೇ ಮುಗಿಸಲಿ

ಗೆದ್ದವ ಸೋತ, ಸೋತವ ಸತ್ತ ಎನ್ನುವ ಗಾದೆ ಇಬ್ಬರ ನಡುವಿನ ವ್ಯಾಜ್ಯಕ್ಕೆ ಸರಿ. ದತ್ತಿಯ ದಾವೆಯಲ್ಲಿ ನಷ್ಟ ಉಣ್ಣುವವರು ಕೋರ್ಟಿನ ಕಟ್ಟೆ ಹತ್ತಿಯೇ ಇರುವುದಿಲ್ಲ: ಹಾಸ್ಟೆಲಿನ ಮಕ್ಕಳು, ಉಚಿತ ಔಷಧಿಗೆ ಬರುವ ರೋಗಿಗಳು. ಅವರ ಪರವಾಗಿ ಕೇಳುವವರು ನ್ಯಾಯಾಧೀಶರೇ. ಕಾನೂನೂ ಹಾಗೇ ಎಣಿಸಿದೆ. ಮೇಲ್ಮನವಿಯ ಹಂತದಲ್ಲಿ ಟ್ರಸ್ಟಿಯೂ ವಾದಿಗಳೂ ಕೈಕುಲುಕಿ ರಾಜಿ ಅರ್ಜಿ ಹಾಕಿದರೂ, ಅದೇ ಸಂಹಿತೆಯ ಆದೇಶ 23ರ ನಿಯಮ 3ಬಿ ಪ್ರಕಾರ ಕೋರ್ಟಿನ ಅನುಮತಿ ಇಲ್ಲದ ರಾಜಿ ಶೂನ್ಯ. ಅನುಮತಿಗೆ ಮೊದಲು ಹಿತಾಸಕ್ತರಿಗೆ ನೋಟಿಸು ಕೊಡಬೇಕು.

ರಿಮಾಂಡ್ ಆದರೆ ಏನಾಗುತ್ತದೆಂದು ತೋಟ ಬಲ್ಲವರಿಗೆ ಹೇಳಬೇಕಿಲ್ಲ. ರೊಬಸ್ಟಾ ಕಾಫಿಯ ಕೊಯ್ಲು ಮುಗಿಯುವ ಹೊತ್ತಿಗೆ, ಫೆಬ್ರವರಿ-ಮಾರ್ಚಿನಲ್ಲಿ, ಗಿಡ ಹೂಬಿಡಲು ಹೂಮಳೆ ಬೀಳಬೇಕು. ಬೀಳದಿದ್ದರೆ ಸ್ಪ್ರಿಂಕ್ಲರ್ ಇಡಬೇಕು, ಸುಮಾರು ಮೂರು ವಾರದೊಳಗೆ ಇನ್ನೊಮ್ಮೆ ನೀರು ಕೊಡಬೇಕು. ಡೀಸೆಲ್ಲಿಗೆ, ಆಳಿನ ಕೂಲಿಗೆ ಸಹಿ ಹಾಕುವವರು ಯಾರೆಂಬುದು ತೂಗಾಡುತ್ತಿದ್ದರೆ ಆ ವರ್ಷದ ಫಸಲು ಹೋಯಿತೆಂದೇ ಲೆಕ್ಕ. ನಡುವೆ ನೆರಳಿನ ಬೀಟೆ, ಸಿಲ್ವರ್ ಓಕ್ ಲಾರಿ ಹತ್ತಿದರೆ ಕಲಂ 144ರ ಮರುಸ್ಥಾಪನೆ ದುಡ್ಡನ್ನು ತಂದುಕೊಟ್ಟೀತು, ಮರವನ್ನಲ್ಲ.

ಅಧಿಕಾರಕ್ಕೇನೂ ಕೊರತೆಯಿಲ್ಲ. ಕಲಂ 107 ಪ್ರಕಾರ ಪ್ರಕರಣವನ್ನು ಅಂತಿಮವಾಗಿ ತೀರ್ಮಾನಿಸಬಹುದು. ಆದೇಶ 41ರ ನಿಯಮ 24 ಹೇಳುವುದೂ ಅದನ್ನೇ: ದಾಖಲೆಯಲ್ಲಿ ಸಾಕಷ್ಟು ಸಾಕ್ಷ್ಯವಿದ್ದರೆ ವಿವಾದಾಂಶವನ್ನು ಹೊಸದಾಗಿ ಬರೆದುಕೊಂಡು ಅಲ್ಲೇ ತೀರ್ಪು ಕೊಡಿ. ಉದಾಹರಣೆಗೆ, ಜಿಲ್ಲಾ ನ್ಯಾಯಾಲಯ ಟ್ರಸ್ಟಿಯನ್ನು ತೆಗೆದುಹಾಕಿ, ಆಡಳಿತದ ಯೋಜನೆಯನ್ನು ಮಾತ್ರ ಬರೆಯದೆ ಬಿಟ್ಟಿದೆ ಎನ್ನೋಣ. ಲೆಕ್ಕಪುಸ್ತಕ, ದತ್ತಿಪತ್ರ, ಪಹಣಿ ಎಲ್ಲವೂ ಗುರುತಾಗಿ ದಾಖಲೆಯಲ್ಲಿವೆ. ಟ್ರಸ್ಟಿಗಳೆಷ್ಟು, ಅವಧಿಯೆಷ್ಟು, ಲೆಕ್ಕ ತಪಾಸಣೆ ಯಾರದು, ಗುತ್ತಿಗೆಗೆ ಯಾರ ಒಪ್ಪಿಗೆ ಬೇಕು ಎಂದು ಬರೆಯುವುದಕ್ಕೆ ಕಡತ ಮತ್ತೆ ಘಟ್ಟ ಹತ್ತಬೇಕೆ? ಆಸ್ತಿ ಮಾರಲೇಬೇಕಾಗಿ ಬಂದರೂ ದಾರಿ ಗೊತ್ತಿದೆ: ಧಾರ್ಮಿಕ-ಧರ್ಮಾದಾಯ ಸಂಸ್ಥೆಗಳ ಜಮೀನನ್ನು ಒಳಮಾತಿನಲ್ಲಿ ಮಾರದೆ ಬಹಿರಂಗ ಹರಾಜು ಹಾಕಬೇಕೆಂದು ಸುಪ್ರೀಂ ಕೋರ್ಟು 1986ರ ಚೆಂಚುರಾಮಿ ರೆಡ್ಡಿ ಪ್ರಕರಣದಲ್ಲೇ ಹೇಳಿದೆ.

ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ತಡೆಯಾಜ್ಞೆಯನ್ನು ಬೇರೆ ಕೇಳಬೇಕು. ಆ ಅರ್ಜಿಯ ದಿನವೇ ಆಸ್ತಿ ನೋಡಿಕೊಳ್ಳಲು ಕೋರ್ಟಿನ ಪರವಾಗಿ ರಿಸೀವರ್ ನೇಮಿಸಿ, ಮರಗಳ ಎಣಿಕೆ ಮಾಡಿಸಿ, ಫಸಲಿನ ದುಡ್ಡು ಕೋರ್ಟಿಗೆ ಕಟ್ಟುವಂತೆ ಹೇಳಿದರೆ ಅರ್ಧ ಜಗಳ ಅಲ್ಲೇ ತಣ್ಣಗಾಗುತ್ತದೆ.

ವಿರೋಧ: ಪಾಟೀಸವಾಲಿಲ್ಲದ ಸಾಕ್ಷ್ಯದ ಮೇಲೆ ಮನೆ ಕಟ್ಟಬೇಡಿ

ತಡೆಯಾಜ್ಞೆ, ರಿಸೀವರ್‌ಗಳ ಬಗ್ಗೆ ತಕರಾರಿಲ್ಲ. ತಕರಾರು ಇರುವುದು ಹೊಸ ಸಂಗತಿಯನ್ನು ಮೇಲಿನ ಕೋರ್ಟು ಮೊದಲ ಬಾರಿಗೆ ತೀರ್ಮಾನಿಸುವುದರ ಬಗ್ಗೆ. ಕಲಂ 92ರ ದಾವೆ ಜಿಲ್ಲಾ ನ್ಯಾಯಾಲಯದಿಂದ ನೇರ ಹೈಕೋರ್ಟಿಗೆ ಹೋಗುವುದರಿಂದ, ಸಂಗತಿಯನ್ನು ಹಕ್ಕಿನಿಂದ ಪ್ರಶ್ನಿಸುವ ಮೆಟ್ಟಿಲು ಅದೊಂದೇ. ಅಲ್ಲಿ ಹೊಸದಾಗಿ ಬರೆದ ನಿರ್ಣಯ ತಪ್ಪಾದರೆ ಸೋತವರಿಗೆ ಸಾಮಾನ್ಯವಾಗಿ ಉಳಿಯುವುದು ಸುಪ್ರೀಂ ಕೋರ್ಟಿನ ವಿಶೇಷ ಅನುಮತಿ ಮಾತ್ರ.

ಕೊಡಗಿನ ಜಮೀನು ಸರಳವೂ ಅಲ್ಲ. ಬಾಣೆಯೊಂದು (ಗದ್ದೆಗೆ ಹೊಂದಿಕೊಂಡ ಮರಗಾಡಿನ ಜಮೀನು) ದತ್ತಿಗೆ ಸೇರಿದ್ದೇ ಅಥವಾ ಒಕ್ಕದ, ಎಂದರೆ ಕೊಡವ ಮನೆತನದ, ಜಮ್ಮಾದ (ವಂಶಪಾರಂಪರ್ಯ ಹಿಡುವಳಿಯ) ಭಾಗವೇ, ಅದರ ಮರ ಸರ್ಕಾರಕ್ಕೆ ಬೆಲೆ ಕಟ್ಟಿ ಬಿಡಿಸಿಕೊಂಡು ರಿಡೀಮ್ ಆಗಿದೆಯೇ ಇಲ್ಲವೇ ಎಂಬುದು ಪಹಣಿಯಲ್ಲಿ ಮಾಲೀಕರ ಹೆಸರಿರುವ 9ನೇ ಕಾಲಂ ನೋಡಿದರೆ ತಿಳಿಯದು. ಪಹಣಿ ಕಂದಾಯದ ದಾಖಲೆ, ಹಕ್ಕುಪತ್ರವಲ್ಲ. ಐನ್‌ಮನೆಯ (ಒಕ್ಕದ ಮೂಲಮನೆಯ) ಪಕ್ಕದ ಗುಡಿ ಖಾಸಗಿಯೋ ಸಾರ್ವಜನಿಕವೋ ಎನ್ನುವುದಂತೂ ಪೂರ್ತಿ ಸಾಕ್ಷ್ಯದ ಮಾತು. ಊರವರು ಹಕ್ಕಿನಿಂದ ಬರುತ್ತಾರೋ, ಮನೆಯವರ ಸೌಜನ್ಯದಿಂದ ಬರುತ್ತಾರೋ? ಊರಿನ ಹಿರಿಯರಾದ ತಕ್ಕಮುಖ್ಯಸ್ಥರನ್ನು ಕಟಕಟೆಗೆ ಹತ್ತಿಸಿ ಕೇಳಿದರಷ್ಟೇ ಇದು ಹೊರಬೀಳುತ್ತದೆ. ಖಾಸಗಿ ಎಂದಾದರೆ ಕಲಂ 92ರ ದಾವೆಯೇ ನಿಲ್ಲದು.

ಮೇಲ್ಮನವಿಯಲ್ಲಿ ಕಂದಾಯದ ಹಳೆಯ ಜಮಾಬಂದಿ ಪುಟವೊಂದನ್ನು ತಂದು, ಹೊಸ ಸಾಕ್ಷ್ಯ ಸೇರಿಸಿಕೊಳ್ಳಿ ಎಂದು ಆದೇಶ 41ರ ನಿಯಮ 27ರ ಅರ್ಜಿ ಹಾಕುವುದು ವಾಡಿಕೆಯೇ ಆಗಿಬಿಟ್ಟಿದೆ. ವಕೀಲರು ಮರೆತರು ಎನ್ನುವುದು ಕಾರಣವಾಗದು. ಎಚ್ಚರಿಕೆಯಿಂದ ಹುಡುಕಿದರೂ ಸಿಕ್ಕಿರಲಿಲ್ಲ ಎಂದು ತೋರಿಸಬೇಕು, ಇಲ್ಲವೇ ತೀರ್ಪಿಗೆ ಅದು ಬೇಕೆಂದು ಕೋರ್ಟಿಗೇ ಅನ್ನಿಸಬೇಕು. ಇಬ್ರಾಹಿಂ ಉದ್ದೀನ್ ಪ್ರಕರಣದಲ್ಲಿ (2012) ಸುಪ್ರೀಂ ಕೋರ್ಟು ಇದನ್ನು ಬಿಡಿಸಿ ಹೇಳಿದ್ದರೂ, ಅರ್ಜಿ ಒಪ್ಪಿದ ಕೂಡಲೇ ದಾಖಲೆ ರುಜುವಾತಾಯಿತೆಂದು ನಡೆದುಕೊಳ್ಳುವವರಿದ್ದಾರೆ. ಅದನ್ನು ಸಾಕ್ಷಿಯ ಮೂಲಕ ಗುರುತಿಸಬೇಕು, ಎದುರಾಳಿಗೆ ಪ್ರತಿಸಾಕ್ಷ್ಯದ ಅವಕಾಶ ಕೊಡಬೇಕು.

ಮೇಲ್ಮನವಿ ಹಾಕದವರಿಗೂ ಪರಿಹಾರ ಕೊಡಲು ಕೋರ್ಟಿಗೆ ಅಧಿಕಾರ ಕೊಡುವ ನಿಯಮ 33 ಎಲ್ಲ ಬಾಗಿಲಿಗೂ ಕೀಲಿಯಲ್ಲ. ಮೇಲ್ಮನವಿಯನ್ನೂ ಅಡ್ಡ ಆಕ್ಷೇಪಣೆಯನ್ನೂ ಹಾಕದವರಿಗೆ ಕೆಳಗೆ ನಿರಾಕರಿಸಿದ್ದನ್ನು ಮೇಲೆ ಕೊಡಿಸಲಾಗದು ಎಂದು ಬನಾರ್ಸಿ ಪ್ರಕರಣ (2003) ಗೆರೆ ಎಳೆದಿದೆ. ಟ್ರಸ್ಟಿಯಿಂದ ತೋಟ ಕೊಂಡು, ಆಸ್ತಿ ನನ್ನದೇ ಎನ್ನುವ ಹೊರಗಿನವನನ್ನು ಕಲಂ 92ರ ಡಿಕ್ರಿಯಲ್ಲೇ ಎಬ್ಬಿಸಲೂ ಆಗದು. ಅದಕ್ಕೆ ಬೇರೆ ಸ್ವಾಧೀನದ ದಾವೆ ಬೇಕು.

ಕಡತವನ್ನು ಪೂರ್ತಿ ಮರಳಿಸಿ ವರ್ಷಗಟ್ಟಲೆ ಕಾಯಿರಿ ಎನ್ನುತ್ತಿಲ್ಲ. ನಿಯಮ 25 ಇರುವುದೇ ಇದಕ್ಕೆ: ಮೇಲ್ಮನವಿಯನ್ನು ತನ್ನಲ್ಲೇ ಇಟ್ಟುಕೊಂಡು, ಬಿಟ್ಟುಹೋದ ಒಂದೋ ಎರಡೋ ವಿವಾದಾಂಶವನ್ನು ಗಡುವಿನೊಂದಿಗೆ ಮಡಿಕೇರಿಗೆ ಕಳಿಸುವುದು. ಸಾಕ್ಷ್ಯ, ನಿರ್ಣಯ, ಕಾರಣಗಳು ಮೇಲಕ್ಕೆ ಬಂದ ಮೇಲೆ ನಿಯಮ 26ರಂತೆ ಇಬ್ಬರೂ ಆಕ್ಷೇಪ ಸಲ್ಲಿಸುತ್ತಾರೆ, ತೀರ್ಪು ಆಮೇಲೆ. ಗಡುವನ್ನು ಮಾತ್ರ ಆದೇಶದಲ್ಲಿ ತಾರೀಖು ಹಾಕಿಯೇ ಬರೆಯಬೇಕು. ‘ಆದಷ್ಟು ಬೇಗ’ ಎಂದು ಬರೆದರೆ ಎರಡು ಹೂಮಳೆ ಕಳೆದಿರುತ್ತದೆ.