ಇಯಾನ್ ಹೋಮ್ ಮತ್ತೆ ಸ್ಟೇಜ್ ಹತ್ತಿದ್ದು

ಇಯಾನ್ ಹೋಮ್ ಅಂದ್ರೆ ನಮ್ಮಲ್ಲಿ ತುಂಬಾ ಜನಕ್ಕೆ ಲಾರ್ಡ್ ಆಫ್ ದಿ ರಿಂಗ್ಸ್‌ನ ಬಿಲ್ಬೋ ಮಾತ್ರ ನೆನಪಾಗೋದು, ನಂಗೆ ಅದೇ ಬೇಜಾರು. 60ರ ದಶಕದಲ್ಲಿ ಇಂಗ್ಲೆಂಡ್ ರಂಗಭೂಮಿಯಲ್ಲಿ ಅವ್ರದು ದೊಡ್ಡ ಹೆಸರು, ಶೇಕ್ಸ್‌ಪಿಯರ್ ಊರು ಸ್ಟ್ರಾಟ್‌ಫರ್ಡಲ್ಲಿ ಅವನ ನಾಟಕಗಳ ಐದನೇ ಹೆನ್ರಿ, ಮೂರನೇ ರಿಚರ್ಡ್ ಪಾತ್ರ ಎಲ್ಲಾ ಮಾಡಿದೋರು, ಇಂಗ್ಲಿಷ್ ನಾಟಕಕಾರ ಹೆರಾಲ್ಡ್ ಪಿಂಟರ್ ಬರೆದ ದಿ ಹೋಮ್‌ಕಮಿಂಗ್‌ನ ಲೆನ್ನಿ ಪಾತ್ರಕ್ಕೆ 1967ರಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇನಲ್ಲಿ ರಂಗಭೂಮಿಯ ದೊಡ್ಡ ಪ್ರಶಸ್ತಿ ಟೋನಿ ಅವಾರ್ಡ್ ತಗೊಂಡೋರು. ಅಂಥವರಿಗೆ 1976ರಲ್ಲಿ ದಿ ಐಸ್‌ಮ್ಯಾನ್ ಕಮೆತ್ ನಾಟಕದ ಪ್ರಿವ್ಯೂ ನಡೀತಿರೋವಾಗ್ಲೇ ಸ್ಟೇಜ್ ಫಿಯರ್ ಹಿಡ್ಕೊಂತು, ನಡುವೆ ಎದ್ದು ಹೋದೋರು ಆ ನಾಟಕಕ್ಕೆ ವಾಪಸ್ ಬರ್ಲೇ ಇಲ್ಲ. ಆಮೇಲೆ ಹೆಚ್ಚುಕಮ್ಮಿ ಹದಿನೇಳು ವರ್ಷ ನಾಟಕದಿಂದ ದೂರ.

ಹೆದರ್ಕೊಂಡ್ರು, ದುರ್ಬಲರು ಅನ್ನೋ ಮಾತು ನಂಗೆ ಆಗಲ್ಲ, ಇಂಗ್ಲೆಂಡಿನ ಮಹಾನ್ ನಟ ಲಾರೆನ್ಸ್ ಆಲಿವಿಯರ್‌ಗೂ ಈ ಭಯ ವರ್ಷಗಟ್ಟಲೆ ಕಾಡಿತ್ತು. ಆ ವರ್ಷಗಳು ರಂಗಭೂಮಿಗೆ ನಷ್ಟ ಅನ್ನೋದನ್ನೂ ನಾನು ಪೂರ್ತಿ ಒಪ್ಪಲ್ಲ, ಯಾಕಂದ್ರೆ ಕ್ಯಾಮೆರಾ ಮುಂದೆ ಅವ್ರು ಕಲಿತಿದ್ದು ಕಮ್ಮಿ ಅಲ್ಲ. ಏಲಿಯನ್ (1979) ಸಿನಿಮಾದಲ್ಲಿ ಅವ್ರು ಮಾಡಿದ ಆ್ಯಶ್ ಪಾತ್ರ ನೋಡಿ, ಆತ ಮನುಷ್ಯ ಅಲ್ಲ ಅಂತ ಗೊತ್ತಾಗೋಕೆ ಎಷ್ಟೋ ಮುಂಚೆ ಒಬ್ನೇ ಇದ್ದಾಗ ನಿಂತಲ್ಲೇ ಸುಮ್ನೆ ಜಾಗಿಂಗ್ ಮಾಡ್ತಾನೆ, ಅಷ್ಟೇ, ಏನೋ ಸರಿ ಇಲ್ಲ ಅನ್ಸುತ್ತೆ. ಚಾರಿಯಟ್ಸ್ ಆಫ್ ಫೈರ್ ಸಿನಿಮಾದಲ್ಲಿ ಅವ್ರು ಓಟಗಾರನ ಕೋಚ್ ಮುಸಾಬಿನಿ, ಸ್ಟೇಡಿಯಂ ಒಳಗೆ ಹೋಗೋ ಹಾಗಿಲ್ಲ, ರೂಮಿನ ಕಿಟಕಿಯಿಂದ ಬಾವುಟ ಏರೋದು ನೋಡಿ ತನ್ನ ಹುಡುಗ ಗೆದ್ದ ಅಂತ ತಿಳ್ಕೊಂಡು ಟೋಪಿಗೆ ಒಂದು ಗುದ್ದು ಗುದ್ದುತ್ತಾರೆ. ಆ ಪಾತ್ರಕ್ಕೆ ಆಸ್ಕರ್ ನಾಮಿನೇಷನ್ ಬಂತು, ಕೊಡಬೇಕಿತ್ತು ಅಂತ ಈಗ್ಲೂ ಅನ್ಸುತ್ತೆ.

1993ರಲ್ಲಿ ಪಿಂಟರ್ ಅವರ ಮೂನ್‌ಲೈಟ್ ನಾಟಕಕ್ಕೆ ಮತ್ತೆ ಸ್ಟೇಜ್ ಹತ್ತಿದ್ರು. 1997ರಲ್ಲಿ ಶೇಕ್ಸ್‌ಪಿಯರ್‌ನ ಕಿಂಗ್ ಲಿಯರ್, ರಿಚರ್ಡ್ ಐರ್ ನಿರ್ದೇಶನ, ಲಂಡನ್ನಿನ ನ್ಯಾಷನಲ್ ಥಿಯೇಟರ್‌ನ ಕಾಟೆಸ್ಲೋನಲ್ಲಿ, ಸುಮಾರು 300 ಜನ ಹಿಡಿಯೋ ಚಿಕ್ಕ ಜಾಗ, ಪ್ರೇಕ್ಷಕರು ಕೈಗೆ ಸಿಗೋಷ್ಟು ಹತ್ರ. ಜನರ ಎದುರು ನಿಲ್ಲೋಕೇ ಹೆದರಿದ್ದ ಮನುಷ್ಯ 65ನೇ ವಯಸ್ಸಲ್ಲಿ ಬಿರುಗಾಳಿ ದೃಶ್ಯಕ್ಕೆ ಮೈಮೇಲಿನ ಬಟ್ಟೆ ಎಲ್ಲಾ ಕಿತ್ತೆಸೆದು ಬೆತ್ತಲೆ ನಿಂತ್ರು! ಇದಕ್ಕಿಂತ ದೊಡ್ಡ ಧೈರ್ಯ ಯಾವ ನಟನದೂ ನಂಗೆ ಗೊತ್ತಿಲ್ಲ. ಆಲಿವಿಯರ್ ಹೆಸರಿನ ಪ್ರಶಸ್ತಿನೂ ಅದಕ್ಕೇ ಬಂತು.

ಬಿಬಿಸಿ ಅದನ್ನ ಟೀವಿಗೂ ಮಾಡಿದೆ. ಆಲಿವಿಯರ್ ಮಾಡಿದ 1983ರ ಟೀವಿ ಲಿಯರ್ ಕೂಡ ಚೆನ್ನಾಗಿದೆ, ಆದ್ರೆ ಅಲ್ಲಿ ರಾಜ ಕಾಣ್ತಾನೆ, ಇಲ್ಲಿ ಮಕ್ಕಳ ಮೇಲೆ ರೇಗಾಡೋ, ಆಮೇಲೆ ಒಬ್ಬಂಟಿ ಆಗೋ ಅಪ್ಪ ಕಾಣ್ತಾನೆ. ನನ್ನ ಓಟು ಹೋಮ್ ಅವ್ರಿಗೇ.