ಸ್ಪಷ್ಟನೆ: ‘ವಿರಿದಿಯಾನಾ’ ನಿರ್ದೇಶಕರು ಪೋರ್ತಬೆಲ್ಲಾ ಅಲ್ಲ

ಸಿನಿಮಾ ಗ್ರೂಪುಗಳಲ್ಲಿ ಒಂದು ಮೆಸೇಜ್ ಓಡಾಡ್ತಿದೆ: ‘1961ರಲ್ಲಿ ಕಾನ್ ಚಿತ್ರೋತ್ಸವದ ಪಾಮ್ ದೋರ್ (ಅಲ್ಲಿನ ಅತ್ಯುನ್ನತ ಪ್ರಶಸ್ತಿ) ಗೆದ್ದ ವಿರಿದಿಯಾನಾ ಚಿತ್ರದ ನಿರ್ದೇಶಕ ಪೆರೆ ಪೋರ್ತಬೆಲ್ಲಾ’. ಇದು ತಪ್ಪು. ನಿರ್ದೇಶಕರು ಲೂಯಿಸ್ ಬುನ್ಯುಯೆಲ್. ಪೋರ್ತಬೆಲ್ಲಾ ಅದರ ನಿರ್ಮಾಪಕರಲ್ಲಿ ಒಬ್ಬರು. ಚಿತ್ರದ ಟೈಟಲ್ ಕಾರ್ಡಿನಲ್ಲೇ ನಿರ್ದೇಶಕರ ಹೆಸರಿದೆ, ನೋಡಿಕೊಳ್ಳಬಹುದು.

ಹಾಗಂತ ನಿರ್ಮಾಪಕರ ಪಾಲು ಸಣ್ಣದಲ್ಲ: ಸರ್ಕಾರವೇ ನಿಷೇಧಿಸುವಂಥ ಚಿತ್ರಕ್ಕೆ ಬೆಂಬಲವಾಗಿ ನಿಂತವರು ಅವರು. ಸ್ಪೇನಿನ ಸರ್ವಾಧಿಕಾರಿ ಫ್ರಾಂಕೊನ ಸರ್ಕಾರ ಆ ಚಿತ್ರವನ್ನು ನಿಷೇಧಿಸಿತು. ಸ್ಪೇನಿನ ಜನ ಅದನ್ನು ಥಿಯೇಟರಿನಲ್ಲಿ ನೋಡಿದ್ದು 1977ರಲ್ಲಿ!

ಪೋರ್ತಬೆಲ್ಲಾ ನಿರ್ದೇಶಕರೂ ಹೌದು. ಅದಕ್ಕೆ ‘ಕ್ವಾದೆಕುಕ್, ವಾಂಪಿರ್’ ನೋಡಿ. ಬೇರೆಯವರ ಡ್ರಾಕುಲಾ ಚಿತ್ರದ ಸೆಟ್ಟಿನಲ್ಲೇ ಕಪ್ಪು-ಬಿಳುಪಿನಲ್ಲಿ ತೆಗೆದದ್ದು. ಉದ್ದಕ್ಕೂ ಮಾತಿಲ್ಲ. ಕೊನೆಗೆ ಮಾತ್ರ ಡ್ರಾಕುಲಾ ಪಾತ್ರಧಾರಿ ಕ್ರಿಸ್ಟೋಫರ್ ಲೀ ‘ಡ್ರಾಕುಲಾ’ ಕಾದಂಬರಿಯ ಪುಟ ಓದ್ತಾರೆ. ಅದ್ಭುತ.

ಆ ಮೆಸೇಜನ್ನು ದಯವಿಟ್ಟು ಫಾರ್ವರ್ಡ್ ಮಾಡಬೇಡಿ. ಈಗಾಗಲೇ ಕಳಿಸಿದ್ದರೆ ಅಲ್ಲೇ ಈ ತಿದ್ದುಪಡಿ ಹಾಕಿ.